ಹಂದಿ ಮಾಂಸದ ಸೀಳು ಮೆತ್ತಗಾಗಬೇಕೆ? ಅರೆಬೇಯಿಸಿ ಇಳಿಸಬೇಡಿ

ಹಂದಿ ಮಾಂಸದ ಬಗ್ಗೆ ನಮ್ಮ ಕಡೆ ಎರಡು ಮಾತಿದೆ. ಸೀಳು ಮಾಡಿ ಹುರಿದರೆ ಚಪ್ಪಲಿ ತೊಗಲಿನ ಹಾಗೆ ಆಗುತ್ತೆ, ಅಗಿದೂ ಅಗಿದೂ ದವಡೆ ನೋಯುತ್ತೆ ಅನ್ನುವುದು ಒಂದು. ಜಾಸ್ತಿ ಬೇಯಿಸಿದ್ದಕ್ಕೇ ಗಟ್ಟಿಯಾಯ್ತು, ಇನ್ನೂ ಸ್ವಲ್ಪ ಮುಂಚೆ ಇಳಿಸಬೇಕಿತ್ತು ಅನ್ನುವುದು ಇನ್ನೊಂದು. ಮೊದಲನೇದು ಬರೀ ದೂರು. ಎರಡನೇದು ಅಪಾಯದ ಮಾತು.

ಮಾಂಸ ಮೆತ್ತಗಾಗುವುದು ಬೇಗ ಇಳಿಸಿದ್ದರಿಂದ ಅಲ್ಲ. ಯಾವ ಭಾಗ ತಂದಿರಿ, ಚಾಕು ಯಾವ ದಿಕ್ಕಿಗೆ ಓಡಿಸಿದಿರಿ, ಉರಿ ಎಷ್ಟು ಇಟ್ಟಿರಿ, ಈ ಮೂರರ ಮೇಲೆ ಅದು ನಿಂತಿದೆ. ಪೂರ್ತಿ ಬೇಯಿಸಿಯೂ ಬೆರಳಲ್ಲಿ ಹರಿಯುವಷ್ಟು ಮೆತ್ತಗೆ ಮಾಡಬಹುದು. ಹಲ್ಲು ಸಡಿಲವಾದ ಹಿರಿಯರೂ ತಿನ್ನಬಹುದು.

ಶಿವಮೊಗ್ಗ, ಭದ್ರಾವತಿ ಎರಡೂ ಕಡೆ ಹಂದಿ ಮಾಂಸ ತಿನ್ನುವ ಜನ ಮುಂಚಿನಿಂದಲೂ ಇದ್ದಾರೆ. ಭದ್ರಾವತಿಯಲ್ಲಿ 1923ರಲ್ಲಿ ಕಬ್ಬಿಣದ ಕಾರ್ಖಾನೆ ಶುರುವಾದ ಮೇಲೆ ತಮಿಳು ಸೀಮೆ, ತೆಲುಗು ಸೀಮೆಯಿಂದ ಕೆಲಸಕ್ಕೆ ಬಂದವರೂ ಇಲ್ಲೇ ನೆಲೆ ನಿಂತರು. ಕರಾವಳಿಯಿಂದ ಬಂದ ಕ್ರೈಸ್ತರ ಮನೆಗಳಲ್ಲಿ ಕ್ರಿಸ್‌ಮಸ್ಸಿಗೆ ಹಂದಿ ಸಾರು ಇರಲೇಬೇಕು. ಹೀಗೆ ಒಂದೇ ಮಾಂಸಕ್ಕೆ ನಮ್ಮಲ್ಲಿ ಹಲವು ರುಚಿ. ಆದರೆ ಇದು ಎಲ್ಲರ ಅಡುಗೆಯಲ್ಲ. ತಿನ್ನದವರು ಅಡುಗೆಯ ವಿಷಯ ಬಿಟ್ಟು, ಕೊನೆಯಲ್ಲಿರುವ ಲಾಡಿಹುಳದ ಭಾಗವನ್ನಾದರೂ ಓದಬೇಕು. ಅದು ಅವರಿಗೂ ಸಂಬಂಧಪಟ್ಟದ್ದು.

ಯಾವ ಭಾಗ ತರಬೇಕು?

ಎತ್ತಿನ ಹೆಗಲು ನೋಡಿ, ದಿನಾ ನೊಗ ಹೊತ್ತು ಬಿಗಿದುಕೊಂಡಿರುತ್ತೆ. ಹಂದಿಯಲ್ಲೂ ಹಾಗೇ. ಹೆಚ್ಚು ದುಡಿಯುವ ಭಾಗ ಗಟ್ಟಿ, ಕಡಿಮೆ ದುಡಿಯುವ ಭಾಗ ಮೆದು.

ಬೆನ್ನೆಲುಬಿನ ಎರಡೂ ಪಕ್ಕ ಉದ್ದಕ್ಕೆ ಇರುವ ಮಾಂಸ ಮೆದು. ಬೆನ್ನೆಲುಬಿನ ಒಳಮಗ್ಗುಲಲ್ಲಿ, ಸೊಂಟದ ಹತ್ತಿರ ಒಂದು ಸಣ್ಣ ಉದ್ದನೆ ತುಂಡು ಇದೆ, ಅದು ಎಲ್ಲಕ್ಕಿಂತ ಮೆದು. ಇವೆರಡರಲ್ಲೂ ನೆಣ ಕಡಿಮೆ, ಬೇಗ ಬೇಯುತ್ತವೆ, ಬೇಗ ಒಣಗುತ್ತವೆ ಕೂಡ.

ಹೆಗಲು ಮತ್ತು ಮುಂಗಾಲಿನ ಮೇಲ್ಭಾಗದಲ್ಲಿ ನಾರು, ನೆಣ ಎರಡೂ ಬೆರೆತಿರುತ್ತವೆ. ಹಸಿಯಾಗಿ ಹುರಿದರೆ ಇದು ಗಟ್ಟಿ. ಸಣ್ಣ ಉರಿಯಲ್ಲಿ ನಿಧಾನ ಬೇಯಿಸಿದರೆ ಆ ನಾರೇ ಕರಗಿ ಅಂಟಿನ ಹಾಗಾಗಿ ಮಾಂಸ ಮೆತ್ತಗಾಗುತ್ತೆ. ಬೆಲೆಗೂ ರುಚಿಗೂ ನನಗೆ ಇದೇ ಸರಿ ಕಂಡಿದ್ದು. ಹಿಂತೊಡೆಯಲ್ಲಿ ನೆಣ ಕಮ್ಮಿ, ಬೇಯಿಸುವಾಗ ನೀರು ಆರದ ಹಾಗೆ ನೋಡಿಕೊಳ್ಳಬೇಕು. ಹೊಟ್ಟೆಯ ಭಾಗದಲ್ಲಿ ನೆಣ ಜಾಸ್ತಿ. ಬೇರೆ ಮಾಂಸದ ಜೊತೆ ಸ್ವಲ್ಪ ಸೇರಿಸಿದರೆ ಎಣ್ಣೆ ಬೇಕಾಗೋದಿಲ್ಲ.

ಎಳೆ ಹಂದಿಯೋ ಮುದಿ ಹಂದಿಯೋ ಅಂತಲೂ ನೋಡಬೇಕು. ಆರರಿಂದ ಎಂಟು ತಿಂಗಳ ಹಂದಿಯ ಮಾಂಸ ತಿಳಿ ಗುಲಾಬಿ ಬಣ್ಣ, ನೆಣ ಬಿಳುಪು. ವಯಸ್ಸಾದ ಹಂದಿಯದು ಕಡುಗೆಂಪು, ಎಳೆ ದಪ್ಪ. ಹಲವು ಸಲ ಮರಿ ಹಾಕಿದ ಹೆಣ್ಣಾದರೆ ಬೇಯಿಸುವ ಹೊತ್ತು ಹೆಚ್ಚುಕಮ್ಮಿ ಎರಡರಷ್ಟು ಬೇಕು.

ಚಾಕುವಿನ ಕೆಲಸ

ಮೆತ್ತಗಾಗುವ ಅರ್ಧ ಗುಟ್ಟು ಇಲ್ಲಿದೆ. ಮಾಂಸವನ್ನು ಬೆಳಕಿಗೆ ಹಿಡಿದು ನೋಡಿದರೆ ಸಣ್ಣ ಸಣ್ಣ ಎಳೆಗಳು ಒಂದೇ ದಿಕ್ಕಿಗೆ ಓಡಿರುತ್ತವೆ. ಸೌದೆ ಸೀಳಿದ ಹಾಗೆ ಎಳೆಯ ಉದ್ದಕ್ಕೇ ಕೊಯ್ದರೆ ಪ್ರತಿ ಸೀಳಿನಲ್ಲೂ ಉದ್ದುದ್ದ ನಾರು ಉಳಿಯುತ್ತೆ. ಅದನ್ನು ಹಲ್ಲೇ ತುಂಡು ಮಾಡಬೇಕು. ಜೋಳದ ದಂಟು ಕತ್ತರಿಸಿದ ಹಾಗೆ ಎಳೆಗೆ ಅಡ್ಡಲಾಗಿ ಕೊಯ್ದರೆ ನಾರು ಗಿಡ್ಡವಾಗಿ, ಬಾಯಲ್ಲಿ ತಾನೇ ಬಿಡಿಸಿಕೊಳ್ಳುತ್ತೆ. ಕಬ್ಬಿನ ಉದ್ದ ಸಿಬರು ಅಗಿಯೋದಕ್ಕೂ ಸಣ್ಣ ಗಿಣ್ಣು ಅಗಿಯೋದಕ್ಕೂ ಇರುವ ವ್ಯತ್ಯಾಸವೇ ಇದು.

ಸೀಳು ಬೆರಳುದ್ದ ಇರಲಿ, ದಪ್ಪ ಕಿರುಬೆರಳಿನ ಅರ್ಧದಷ್ಟು ಸಾಕು. ಎಲ್ಲ ಒಂದೇ ದಪ್ಪ ಇರಬೇಕು. ಇಲ್ಲದಿದ್ದರೆ ತೆಳುವಾದ್ದು ಕರಕಲು, ದಪ್ಪನಾದ್ದು ಹಸಿ. ಬಿಳಿ ಪೊರೆ ಕಂಡರೆ ತೆಗೆದುಹಾಕಿ, ಅದು ಬೆಂದಾಗ ಮುದುರಿ ಸೀಳನ್ನು ಸುರುಳಿ ಮಾಡುತ್ತೆ. ಹಸಿ ಮಾಂಸ ಜಾರುತ್ತೆ ಅನ್ನುವವರು, ಫ್ರಿಜ್ ಇದ್ದರೆ ಒಂದು ಗಂಟೆ ಇಟ್ಟು ಕೊಯ್ಯಲಿ. ಫ್ರಿಜ್ ಇಲ್ಲದವರಿಗೆ ಮುಂದೆ ಹೇಳುವ ವಿಧಾನವೇ ಸುಲಭ. ಅದರಲ್ಲಿ ಬೆಂದ ಮೇಲೆ ಸೀಳು ಮಾಡುವುದು.

ಉಪ್ಪು, ಹುಳಿ, ಪರಂಗಿ

ಉಪ್ಪು ಮೊದಲೇ ಹಚ್ಚಿಟ್ಟರೆ ಮಾಂಸ ನೀರು ಹಿಡಿದುಕೊಳ್ಳುತ್ತೆ. ಕೊನೆಗೆ ಹಾಕಿದರೆ ಮೇಲೆ ಮಾತ್ರ ಉಪ್ಪು, ಒಳಗೆ ಸಪ್ಪೆ.

ಹುಳಿಗೆ ನಿಂಬೆ ಆಗುತ್ತೆ. ತೀರ್ಥಹಳ್ಳಿ, ಹೊಸನಗರ ಕಡೆ ನೆಂಟರಿದ್ದರೆ ಒಣಗಿಸಿದ ಉಪ್ಪಾಗೆ ಸಿಪ್ಪೆ ತರಿಸಿಕೊಳ್ಳಿ. ಹಂದಿ ನೆಣದ ಜಿಡ್ಡಿಗೆ ಅದು ಬಹಳ ಹೊಂದುತ್ತೆ. ಕೊಡಗಿನವರು ಪಂದಿ ಕರಿಗೆ ಹಾಕುವ ಕಪ್ಪು ಕಾಚಂಪುಳಿ ಕೂಡ ಇದೇ ಜಾತಿಯ ಹಣ್ಣಿನ ರಸ ಕಾಯಿಸಿ ಗಟ್ಟಿ ಮಾಡಿದ್ದು. ಕರಾವಳಿಯವರು ವಿನೆಗರ್ ಹಾಕುತ್ತಾರೆ. ಯಾವುದೇ ಇರಲಿ, ಹುಳಿಯಲ್ಲಿ ರಾತ್ರಿಯೆಲ್ಲ ನೆನೆಸಿದರೆ ಮೇಲ್ಭಾಗ ಹಿಟ್ಟು ಹಿಟ್ಟಾಗುತ್ತೆ. ಒಂದು ಗಂಟೆ ಸಾಕು.

ಮುದಿ ಹಂದಿಯ ಮಾಂಸಕ್ಕೆ ಪರಂಗಿ ಕಾಯಿ (ಪಪ್ಪಾಯಿ) ಒಳ್ಳೆ ಉಪಾಯ. ಹಸಿರು ಕಾಯಿಯ ಹಾಲಿನಲ್ಲಿ ಮಾಂಸದ ನಾರು ಸಡಿಲಿಸುವ ಗುಣ ಇದೆ. ಒಂದು ಕಿಲೋ ಮಾಂಸಕ್ಕೆ ಸಿಪ್ಪೆ ಸಮೇತ ಅರೆದದ್ದು ಒಂದು ದೊಡ್ಡ ಚಮಚ, ಅರ್ಧ ಗಂಟೆ ಮಾತ್ರ. ಹೆಚ್ಚಾದರೆ ಮಾಂಸ ಮುದ್ದೆಯಾಗಿಬಿಡುತ್ತೆ. ಹಣ್ಣಾದ ಪರಂಗಿಯಲ್ಲಿ ಆ ಹಾಲು ಇಲ್ಲ, ಅದು ಉಪಯೋಗಕ್ಕೆ ಬಾರದು.

ಮಾಡುವ ವಿಧಾನ

ಒಂದು ಕಿಲೋ ಮಾಂಸಕ್ಕೆ ಬೇಕಾದ್ದು: ಉಪ್ಪು ಎರಡು ಸಣ್ಣ ಚಮಚ, ಅರಿಶಿನ ಅರ್ಧ ಚಮಚ, ಬೆಳ್ಳುಳ್ಳಿ 15-20 ಎಸಳು, ಎರಡು ಇಂಚು ಶುಂಠಿ, ಹಸಿ ಮೆಣಸಿನಕಾಯಿ 6-8, ಧನಿಯ ಎರಡು ದೊಡ್ಡ ಚಮಚ, ಜೀರಿಗೆ ಒಂದು ಸಣ್ಣ ಚಮಚ, ಕಾಳುಮೆಣಸು ಒಂದೂವರೆ ದೊಡ್ಡ ಚಮಚ, ನಾಲ್ಕು ಲವಂಗ, ಒಂದು ತುಂಡು ಚಕ್ಕೆ, ಮೂರು ಈರುಳ್ಳಿ, ಕರಿಬೇವು, ಉಪ್ಪಾಗೆ ಸಿಪ್ಪೆ ಎರಡು ಇಲ್ಲವೇ ಒಂದು ನಿಂಬೆಹಣ್ಣು.

1. ಹೆಗಲಿನ ಮಾಂಸವನ್ನು ಅಂಗೈ ಅರ್ಧದಷ್ಟು ದೊಡ್ಡ ತುಂಡುಗಳಾಗಿ ಮಾಡಿ. ಉಪ್ಪು, ಅರಿಶಿನ, ಅರೆದ ಶುಂಠಿ-ಬೆಳ್ಳುಳ್ಳಿ-ಹಸಿಮೆಣಸು ಹಚ್ಚಿ ಒಂದು ಗಂಟೆ ಮುಚ್ಚಿಡಿ. ಬೇಸಿಗೆಯಾದರೆ ಅರ್ಧ ಗಂಟೆ ಸಾಕು.

2. ದಪ್ಪ ತಳದ ಪಾತ್ರೆಗೆ ಮಾಂಸ, ಉಪ್ಪಾಗೆ ಸಿಪ್ಪೆ, ಒಂದು ಲೋಟ ನೀರು ಹಾಕಿ. ಕುದಿ ಬಂದ ಮೇಲೆ ಉರಿ ತಗ್ಗಿಸಿ ಮುಚ್ಚಳ ಮುಚ್ಚಿ. ಗುಳುಗುಳು ಕುದಿಯಬಾರದು, ಅಲ್ಲೊಂದು ಇಲ್ಲೊಂದು ಗುಳ್ಳೆ ಏಳುತ್ತಿದ್ದರೆ ಸರಿ. ಎಳೆ ಹಂದಿಗೆ ಒಂದು ಗಂಟೆ, ಬಲಿತದ್ದಕ್ಕೆ ಎರಡು ಗಂಟೆ. ನೀರು ಆರಿದರೆ ಬಿಸಿನೀರನ್ನೇ ಹಾಕಿ. ಕುಕ್ಕರಾದರೆ ಎಳೆಯದಕ್ಕೆ 3-4 ಕೂಗು, ಬಲಿತದ್ದಕ್ಕೆ 7-8. ಆವಿ ತಾನಾಗಿ ಇಳಿಯಲಿ.

3. ಚಾಕು ಚುಚ್ಚಿದರೆ ತಡೆಯಿಲ್ಲದೆ ಇಳಿಯಬೇಕು, ನಡುವೆ ಕೊಯ್ದು ನೋಡಿದರೆ ಎಲ್ಲೂ ಕೆಂಪು ಇರಬಾರದು. ತುಂಡುಗಳನ್ನು ತೆಗೆದು ಕೈಗೆ ತಡೆಯುವಷ್ಟು ಆರಿಸಿ. ಈಗ ಎಳೆ ಚೆನ್ನಾಗಿ ಕಾಣುತ್ತೆ. ಅಡ್ಡಲಾಗಿ ಸೀಳು ಮಾಡಿ. ಉಳಿದ ರಸ ಚೆಲ್ಲಬೇಡಿ.

4. ಧನಿಯ, ಜೀರಿಗೆ, ಕಾಳುಮೆಣಸು, ಲವಂಗ, ಚಕ್ಕೆಯನ್ನು ಕಪ್ಪಗೆ ತಿರುಗುವವರೆಗೆ, ಆದರೆ ಹೊತ್ತದ ಹಾಗೆ, ಹುರಿದು ಪುಡಿ ಮಾಡಿ.

5. ಕಬ್ಬಿಣದ ಬಾಣಲೆಯಲ್ಲಿ ರಸದ ಮೇಲೆ ತೇಲಿದ ನೆಣವನ್ನೇ ಎರಡು ಸೌಟು ಹಾಕಿ ಕಾಯಿಸಿ. ಈರುಳ್ಳಿ, ಕರಿಬೇವು ಬಾಡಿಸಿ, ಸೀಳು ಹಾಕಿ ದೊಡ್ಡ ಉರಿಯಲ್ಲಿ ನಾಲ್ಕೈದು ನಿಮಿಷ ಕೈಯಾಡಿಸಿ. ಒಂದೇ ಸಲ ಬಾಣಲೆ ತುಂಬಿಸಿದರೆ ನೀರು ಬಿಟ್ಟು ಬೇಯುತ್ತೆ, ಹುರಿಯೋದಿಲ್ಲ. ಎರಡು ಸಲ ಮಾಡಿ.

6. ಪುಡಿ ಉದುರಿಸಿ, ಉಳಿಸಿದ ರಸ ಸ್ವಲ್ಪ ಸ್ವಲ್ಪವೇ ಹಾಕಿ ಸೀಳಿಗೆ ಅಂಟುವ ಹಾಗೆ ಇಂಗಿಸಿ. ಉಪ್ಪಾಗೆ ಹಾಕದಿದ್ದರೆ ಇಳಿಸಿದ ಮೇಲೆ ನಿಂಬೆ ಹಿಂಡಿ.

ಅಕ್ಕಿ ರೊಟ್ಟಿಗೂ ಆಯ್ತು, ರಾಗಿ ಮುದ್ದೆಗೂ ಆಯ್ತು. ಮುದ್ದೆಗಾದರೆ ರಸ ಸ್ವಲ್ಪ ಹೆಚ್ಚು ಉಳಿಸಿಕೊಳ್ಳಿ.

ಬೆನ್ನಿನ ಮಾಂಸ ಸಿಕ್ಕರೆ ಮೊದಲು ಬೇಯಿಸಬೇಕಾಗಿಲ್ಲ. ಹಸಿಯಾಗಿಯೇ ಅಡ್ಡಕ್ಕೆ ತೆಳು ಸೀಳು ಮಾಡಿ, ಮಸಾಲೆ ಹಚ್ಚಿ, ಕಾದ ಬಾಣಲೆಯಲ್ಲಿ ಸ್ವಲ್ಪ ಸ್ವಲ್ಪವೇ ಹಾಕಿ ಏಳೆಂಟು ನಿಮಿಷ ಹುರಿದರೆ ಆಯ್ತು. ತೆಳುವಾದ್ದರಿಂದ ಬೇಗ ಒಳಗೂ ಬೇಯುತ್ತೆ. ಆದರೆ ಎಲ್ಲಿ ಸಾಕಿದ ಹಂದಿ ಅಂತ ಗೊತ್ತಿದ್ದಾಗ ಮಾತ್ರ ಹೀಗೆ ಮಾಡುವುದು ಒಳ್ಳೆಯದು. ಗೊತ್ತಿಲ್ಲದ್ದಾದರೆ ಮೊದಲು ಬೇಯಿಸುವ ದಾರಿಯೇ ಸರಿ.

ಮನೆಯಲ್ಲಿ ಹಂದಿ ಸಾಕುವವರಿಗೆ

ನಮ್ಮಂಥ ಖುಷ್ಕಿ ಹೊಲದವರಿಗೆ ಮಳೆ ಕೈಕೊಟ್ಟ ವರ್ಷ ಎರಡು ಹಂದಿ ಇದ್ದರೆ ಒಂದು ಆಸರೆ. ಕಾಳು ಸರಿಯಾಗಿ ಕಟ್ಟದ ಮೆಕ್ಕೆಜೋಳವೂ ಮೇವಾಗುತ್ತೆ, ಬೂಸಲು ಹಿಡಿದದ್ದು ಮಾತ್ರ ಬೇಡ. ಯಾರ್ಕ್‌ಷೈರ್ ಬೆರಕೆ ಮರಿ ಒಳ್ಳೆ ಮೇವು ಸಿಕ್ಕರೆ ಎಂಟು ತಿಂಗಳಿಗೆ 80 ಕಿಲೋ ಹತ್ತಿರ ಬರುತ್ತೆ. ಹೋಟೆಲಿನ ಮುಸುರೆ ತರುವವರು ಅದನ್ನು ಕುದಿಸಿಯೇ ಹಾಕಬೇಕು.

ಮಾಂಸ ಮೆದುವಾಗುವುದು ಕಡಿಯುವ ಹಿಂದಿನ ದಿನವೇ ಶುರುವಾಗುತ್ತೆ. ಹಿಂದಿನ ರಾತ್ರಿ ಮೇವು ಬೇಡ, ನೀರು ಮಾತ್ರ ಇಡಿ. ಬೆಳಿಗ್ಗೆ ಅಟ್ಟಾಡಿಸಿ, ಹೊಡೆದು, ಎಳೆದಾಡಿ ಹಿಡಿಯಬಾರದು. ಬೆದರಿ ಓಡಿ ದಣಿದ ಹಂದಿಯ ಮಾಂಸ ಬಿಳಿಚಿ, ನೀರು ಬಿಟ್ಟು, ಬೆಂದ ಮೇಲೆ ಒಣಒಣ ಆಗುತ್ತೆ. ಕಡಿದ ಕೆಲವು ಗಂಟೆಯಲ್ಲಿ ಮಾಂಸ ಸೆಟೆದುಕೊಳ್ಳುತ್ತೆ. ಆಗ ಹುರಿದರೆ ಗಟ್ಟಿ. ಫ್ರಿಜ್ಜಿನಲ್ಲಿ ಒಂದು ದಿನ ಇಟ್ಟರೆ ಸೆಟೆತ ಬಿಡುತ್ತೆ. ಫ್ರಿಜ್ ಇಲ್ಲದಿದ್ದರೆ ಹೊರಗೆ ಇಟ್ಟು ಕಾಯಬೇಡಿ, ಆವತ್ತೇ ಸಣ್ಣ ಉರಿಯಲ್ಲಿ ಹೆಚ್ಚು ಹೊತ್ತು ಬೇಯಿಸಿ.

ಲಾಡಿಹುಳ: ತಿನ್ನುವವರಿಗೂ ತಿನ್ನದವರಿಗೂ

ಪೂರ್ತಿ ಬೇಯಿಸಿ ಅಂತ ಇಷ್ಟು ಸಲ ಹೇಳುವುದಕ್ಕೆ ಕಾರಣ ಲಾಡಿಹುಳ. ಬಯಲಿನ ಮಲ, ಚರಂಡಿ ತಿಂದು ಬೆಳೆಯುವ ಹಂದಿಯ ಮೈಗೆ ಈ ಹುಳದ ಮೊಟ್ಟೆ ಸೇರುತ್ತೆ. ಮಾಂಸದಲ್ಲಿ ಅದು ಬೆಂದ ಸಬ್ಬಕ್ಕಿ ಕಾಳಿನ ಹಾಗೆ, ಒಳಗೆ ಬಿಳಿ ಚುಕ್ಕೆ ಇರುವ ನೀರುಗುಳ್ಳೆಯಾಗಿ ಕೂರುತ್ತೆ. ಕೊಳ್ಳುವಾಗ ನಾಲಿಗೆ, ಹೆಗಲು, ತೊಡೆಯ ಮಾಂಸ ಕೊಯ್ಸಿ ನೋಡಿ. ಇಂಥ ಗುಳ್ಳೆ ಕಂಡರೆ ಬಿಟ್ಟಿ ಕೊಟ್ಟರೂ ಬೇಡ. ಕಾಣಲಿಲ್ಲ ಅಂದರೆ ಇಲ್ಲವೇ ಇಲ್ಲ ಅಂತಲೂ ಅಲ್ಲ. ಅದಕ್ಕೇ ಪೂರ್ತಿ ಬೇಯಿಸುವುದು. ಮಾಂಸದ ನಟ್ಟನಡುವೆ 70 ಡಿಗ್ರಿ ಬಿಸಿ ಮುಟ್ಟಿದರೆ ಆ ಗುಳ್ಳೆ ಸಾಯುತ್ತೆ. ಮೇಲೆ ಕುದಿ ಬಂದರೆ ಸಾಲದು, ದಪ್ಪ ತುಂಡಿನ ಒಳಗೂ ಬಿಸಿ ಹೋಗಬೇಕು.

ಅರೆಬೆಂದ ಮಾಂಸ ತಿಂದರೆ ಆ ಗುಳ್ಳೆ ನಮ್ಮ ಕರುಳಲ್ಲಿ ಲಾಡಿಯ ಹಾಗೆ ಮೀಟರುಗಟ್ಟಲೆ ಉದ್ದದ ಹುಳವಾಗುತ್ತೆ. ಅದರ ಮೊಟ್ಟೆ ಮಲದಲ್ಲಿ ಹೊರಗೆ ಬರುತ್ತೆ. ಮುಂದಿನದು ಹೆಚ್ಚಿನವರಿಗೆ ಗೊತ್ತಿಲ್ಲ. ಆ ಮೊಟ್ಟೆ ತೊಳೆಯದ ಕೈಯಿಂದ, ಮಲ ಸೇರಿದ ನೀರು ಹಾಯಿಸಿದ ಸೊಪ್ಪು, ಮೂಲಂಗಿಯಿಂದ ಯಾರ ಹೊಟ್ಟೆ ಸೇರಿದರೂ ಮಿದುಳಿಗೆ ಹೋಗಿ ಗುಳ್ಳೆ ಕಟ್ಟಬಹುದು. ಅದರಿಂದ ಮೂರ್ಛೆ ರೋಗ ಬರುತ್ತೆ. ಜನ್ಮದಲ್ಲಿ ಮಾಂಸ ಮುಟ್ಟದವರಿಗೂ ಬರುತ್ತೆ. ಈ ಹುಳ ಹೆಚ್ಚಿರುವ ಪ್ರದೇಶಗಳಲ್ಲಿ ಮೂರ್ಛೆ ರೋಗಿಗಳಲ್ಲಿ ನೂರಕ್ಕೆ ಸುಮಾರು 30 ಮಂದಿಗೆ ಇದೇ ಕಾರಣ ಎಂದು ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ.

ಮೂರ್ಛೆ ಬಂದವರ ಕೈಗೆ ಕಬ್ಬಿಣ ಕೊಡುವುದು, ಈರುಳ್ಳಿ ಮೂಸಿಸುವುದು ನಮ್ಮಲ್ಲಿ ಇನ್ನೂ ಇದೆ. ಅದರಿಂದ ರೋಗ ಹೋಗೋದಿಲ್ಲ. ಪಕ್ಕಕ್ಕೆ ಮಲಗಿಸಿ, ಬಾಯಿಗೆ ಏನೂ ತುರುಕದೆ, ಶಿವಮೊಗ್ಗದ ಮೆಗ್ಗಾನ್ ಆಸ್ಪತ್ರೆಗೋ ಹತ್ತಿರದ ಸರ್ಕಾರಿ ಆಸ್ಪತ್ರೆಗೋ ಕರೆದುಕೊಂಡು ಹೋಗಿ. ಮಲದಲ್ಲಿ ಬಿಳಿ ಪಟ್ಟಿಯಂಥ ತುಂಡು ಕಂಡವರೂ ಡಾಕ್ಟರಿಗೆ ತೋರಿಸಬೇಕು. ಅಂಗಡಿಯಿಂದ ತಾವೇ ಹುಳದ ಮಾತ್ರೆ ತಂದು ನುಂಗಬಾರದು. ಮಿದುಳಲ್ಲಿ ಗುಳ್ಳೆ ಇದ್ದರೆ ಮಾತ್ರೆಯಿಂದಲೇ ಮೂರ್ಛೆ ಬರುವುದುಂಟು.

ತಡೆಯುವ ದಾರಿ ದೊಡ್ಡದೇನಲ್ಲ. ಹಂದಿಯನ್ನು ದೊಡ್ಡಿಯಲ್ಲೇ ಸಾಕಬೇಕು, ಬೀದಿಗೆ ಬಿಡಬಾರದು. ಮನೆಯವರೆಲ್ಲ, ಹೊಲದ ಕೆಲಸಕ್ಕೆ ಬರುವವರೂ ಸೇರಿ, ಪಾಯಿಖಾನೆ ಬಳಸಬೇಕು. ಊಟಕ್ಕೆ ಮೊದಲು ಸೋಪು ಹಾಕಿ ಕೈ ತೊಳೆಯಬೇಕು. ಹಸಿ ಮಾಂಸ ಕೊಯ್ದ ಮಣೆ, ಚಾಕು, ಮೆಟ್ಟುಗತ್ತಿಯಲ್ಲಿ ತೊಳೆಯದೆ ಈರುಳ್ಳಿ, ಸೌತೆಕಾಯಿ ಹೆಚ್ಚಬಾರದು. ಉಳಿದ ಅಡುಗೆಯನ್ನು ಎರಡು ಗಂಟೆಗಿಂತ ಹೆಚ್ಚು ಹೊರಗೆ ಇಡದೆ, ತಿನ್ನುವ ಮುಂಚೆ ಮತ್ತೆ ಕುದಿಸಬೇಕು.

ಒಂದು ಗಂಟೆ ಹೆಚ್ಚು ಬೇಯಿಸಿದರೆ ಖರ್ಚಾಗುವುದು ನಾಲ್ಕು ಕಟ್ಟಿಗೆ. ಬೆಂದದ್ದೂ ಮೆತ್ತಗಿರುತ್ತೆ, ಮನೆಯವರ ಆರೋಗ್ಯವೂ ಉಳಿಯುತ್ತೆ. ಬೇರೆ ಹುಳಿ, ಬೇರೆ ಸೊಪ್ಪು ಹಾಕಿ ಮಾಂಸ ಮೆದು ಮಾಡುವ ಕ್ರಮ ಗೊತ್ತಿದ್ದವರು ಪತ್ರಿಕೆಗೆ ಬರೆದು ತಿಳಿಸಿದರೆ ಎಲ್ಲರಿಗೂ ಅನುಕೂಲ.