ನಿಮಗಿದು ಗೊತ್ತೇ? ಕನ್ನಡಿಯಲ್ಲಿ ಬಿಸಿಲು ಹಿಡಿದ ಮೈಸೂರಿಗ!

'ಕಾಗಜ್ ಕೆ ಫೂಲ್' (1959) ಹಿಂದಿ ಸಿನಿಮಾ ನೋಡಿದ್ದೀರಾ? ಕತ್ತಲು ತುಂಬಿದ ಸ್ಟುಡಿಯೋದೊಳಕ್ಕೆ ಮೇಲಿನಿಂದ ದಪ್ಪನೆಯ ಬೆಳಕಿನ ಕೋಲೊಂದು ಇಳಿಯುತ್ತದೆ. ಅದರೊಳಗೆ ಧೂಳಿನ ಕಣಗಳು ತೇಲುತ್ತವೆ. ಅದು ಸ್ಟುಡಿಯೋ ಲೈಟಲ್ಲ, ಅಸಲಿ ಬಿಸಿಲು!

ಬಿಸಿಲು ಒಳಗೆ ಬಂದದ್ದು ಹೇಗೆ ಅಂತೀರಾ? ಎರಡು ದೊಡ್ಡ ಕನ್ನಡಿ, ಅಷ್ಟೇ! ಹೊರಗೆ ಬಿಸಿಲಲ್ಲಿ ಒಂದು, ಒಳಗೆ ಎತ್ತರದಲ್ಲಿ ಇನ್ನೊಂದು. ಮೊದಲನೆಯದು ಬಿಸಿಲನ್ನು ಒಳಕ್ಕೆ ಹಾಯಿಸಿತು, ಎರಡನೆಯದು ಕೆಳಕ್ಕೆ ಇಳಿಸಿತು. ಚಿಕ್ಕವರಿದ್ದಾಗ ಎದುರುಮನೆ ಗೋಡೆಗೆ ಕನ್ನಡಿಯಿಂದ ಬಿಸಿಲು ಬಿಟ್ಟು ಆಡುತ್ತಿದ್ದೆವಲ್ಲ, ಅದೇ ಆಟ!

ಈ ಆಟ ಹೂಡಿದ ಕ್ಯಾಮೆರಾಮನ್ ವಿ. ಕೆ. ಮೂರ್ತಿ. ಹುಟ್ಟಿದ್ದು 1923ರಲ್ಲಿ, ಮೈಸೂರಲ್ಲಿ. ಕ್ಯಾಮೆರಾ ಕಲಿತದ್ದು ಬೆಂಗಳೂರಿನ ಎಸ್‌.ಜೆ. ಪಾಲಿಟೆಕ್ನಿಕ್‌ನಲ್ಲಿ. ಪಕ್ಕಾ ನಮ್ಮವರು!

ಕ್ಯಾಮೆರಾಕ್ಕೂ ಮೊದಲು ಅವರ ಕೈಯಲ್ಲಿದ್ದದ್ದೇನು ಹೇಳಿ? ಪಿಟೀಲು! ಸ್ವಾತಂತ್ರ್ಯ ಚಳವಳಿಗೆ ಇಳಿದು ಜೈಲನ್ನೂ ನೋಡಿಬಂದಿದ್ದರು!

ಅವರ ಅದೃಷ್ಟ ತೆರೆದದ್ದೂ ಕನ್ನಡಿಯಿಂದಲೇ! 'ಬಾಜಿ' (1951) ಚಿತ್ರದಲ್ಲಿ ಅವರಿನ್ನೂ ಸಹಾಯಕ. ಕನ್ನಡಿಯ ಬಿಂಬದಿಂದ ಶುರುವಾಗುವ ಕಷ್ಟದ ಶಾಟ್ ಒಂದನ್ನು ಸೂಚಿಸಿ, ತಾವೇ ತೆಗೆದರು. ನಿರ್ದೇಶಕ ಗುರುದತ್ ಮರುಳಾದರು. ಮುಂದಿನ ಚಿತ್ರ 'ಜಾಲ್'ಗೆ ಮೂರ್ತಿಯವರೇ ಕ್ಯಾಮೆರಾಮನ್!

ಇನ್ನೊಂದು ಮಜಾ ಕೇಳಿ. ಆ ಗುರುದತ್ ಹುಟ್ಟಿದ್ದು ಬೆಂಗಳೂರಲ್ಲೇ!

'ಕಾಗಜ್ ಕೆ ಫೂಲ್' ಭಾರತದ ಮೊದಲ ಸಿನಿಮಾಸ್ಕೋಪ್ (ಅಗಲ ಪರದೆಯ) ಚಿತ್ರ. ಗಲ್ಲಾಪೆಟ್ಟಿಗೆಯಲ್ಲಿ ಮಾತ್ರ ಮಕಾಡೆ ಮಲಗಿತು. ಆದರೂ ಛಾಯಾಗ್ರಹಣದ ಫಿಲಂಫೇರ್ ಮೂರ್ತಿಯವರ ಮಡಿಲಿಗೆ!

ಅವರೇ ಕ್ಯಾಮೆರಾ ಹಿಡಿದ 'ಸಾಹಿಬ್ ಬೀಬಿ ಔರ್ ಗುಲಾಮ್' (1962) ಚಿತ್ರದ ಮುಜ್ರಾ ಹಾಡನ್ನು ಗಮನಿಸಿ. ನಡುವೆ ಕುಣಿಯುವವಳ ಮೇಲೆ ಝಗಮಗ ಬೆಳಕು. ಸುತ್ತ ಕುಣಿಯುವವರೆಲ್ಲ ಬರೀ ನೆರಳು! ಹಾಡು ಮುಗಿದರೂ ಅವರ ಮುಖ ನಮಗೆ ಕಾಣುವುದೇ ಇಲ್ಲ!

'ಅರ್ಧಸತ್ಯ'ದ ನಿರ್ದೇಶಕ ಗೋವಿಂದ ನಿಹಲಾನಿ ಗೊತ್ತಲ್ಲ? ಅವರು ಒಂದು ಕಾಲಕ್ಕೆ ಮೂರ್ತಿಯವರ ಸಹಾಯಕರಾಗಿದ್ದರು. ಓದಿದ್ದೂ ಅದೇ ಪಾಲಿಟೆಕ್ನಿಕ್‌ನಲ್ಲಿ!

ಮುಂಬೈಯಲ್ಲಿ ಇಷ್ಟೆಲ್ಲ ಮೆರೆದವರು ಎಪ್ಪತ್ತರ ವಯಸ್ಸಿನ ಹೊಸ್ತಿಲಲ್ಲಿ ಕನ್ನಡಕ್ಕೂ ಕ್ಯಾಮೆರಾ ಹಿಡಿದರು. ತ್ರಿವೇಣಿಯವರ ಕಾದಂಬರಿ ಆಧರಿಸಿದ 'ಹೂವು ಹಣ್ಣು' (1993) ಅವರದೇ ಕೈಚಳಕ!

2008ನೇ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿಯೂ ಮೂರ್ತಿಯವರಿಗೇ. ನಟರು, ನಿರ್ದೇಶಕರು, ಗಾಯಕರು ಪಡೆದಿದ್ದ ಆ ಗೌರವ ಛಾಯಾಗ್ರಾಹಕರೊಬ್ಬರಿಗೆ ಸಿಕ್ಕಿದ್ದು ಅದೇ ಮೊದಲು!

ಇವತ್ತು ರಾತ್ರಿ ಮೊಬೈಲಲ್ಲಿ ಆ ಬೆಳಕಿನ ಕೋಲನ್ನೊಮ್ಮೆ ನೋಡಿ. ಐವತ್ತರ ದಶಕದ ಯಾವುದೋ ಒಂದು ಹಗಲಿನ ಬಿಸಿಲು ನಿಮ್ಮ ಅಂಗೈಯಲ್ಲಿರುತ್ತದೆ!