ಸಹಪಾಠಿಗಳನ್ನು ಕುರಿತ ಪ್ರಬಂಧ

ಒಡನೆ ಓದಿದವರನ್ನು ನೆನೆದು ಪ್ರಬಂಧವೊಂದನ್ನು ಬರೆಯಬೇಕೆಂಬ ಆಸೆ ಅನೇಕರಿಗೆ ಉಂಟು. ಬರೆಯಲು ಕುಳಿತೊಡನೆ ಮೊದಲು ಕೈಗೆ ಬರುವುದು ಹೆಸರುಗಳ ಪಟ್ಟಿ: ಒಬ್ಬನು ವಕೀಲನಾದನು, ಒಬ್ಬನು ವೈದ್ಯನಾದನು, ಮತ್ತೊಬ್ಬನು ಎಲ್ಲಿರುವನೋ ತಿಳಿಯದು. ಇದು ಹಾಜರಿ ಪುಸ್ತಕದ ಮುಂದುವರಿಕೆಯಾದೀತೇ ಹೊರತು ಪ್ರಬಂಧವಾಗದು. ಪ್ರಬಂಧಕ್ಕೆ ಬೇಕಾದುದು ಒಬ್ಬಿಬ್ಬರ ನಡೆನುಡಿಯ ಹತ್ತಿರದ ಚಿತ್ರ. ಅಂದು ತರಗತಿಯು ಅವರನ್ನು ಕಂಡ ಬಗೆಯನ್ನು ಇಂದು ಮರಳಿ ವಿಚಾರಿಸುವ ಮನಸ್ಸು.

ಇದಕ್ಕೆ ಉತ್ತಮವಾದ ನಿದರ್ಶನ ಇಂಗ್ಲಿಷ್ ಪ್ರಬಂಧಕಾರ ಚಾರ್ಲ್ಸ್ ಲ್ಯಾಂಬ್‌ನಲ್ಲಿ ದೊರೆಯುತ್ತದೆ. ಆತನು 1782ರಿಂದ 1789ರವರೆಗೆ ಲಂಡನ್ನಿನ ಕ್ರೈಸ್ಟ್ಸ್ ಹಾಸ್ಪಿಟಲ್ ಎಂಬ ಶಾಲೆಯಲ್ಲಿ ಓದಿದನು. ಮುಂದೆ ಕವಿಯಾದ ಕೋಲ್‌ರಿಜ್ ಅಲ್ಲಿ ಅವನ ಸಹಪಾಠಿ. 1813ರಲ್ಲಿ ಲ್ಯಾಂಬ್ ಆ ಶಾಲೆಯನ್ನು ಪ್ರಶಂಸಿಸಿ ಒಂದು ಲೇಖನವನ್ನು ಪ್ರಕಟಿಸಿದನು. 1820ರಲ್ಲಿ ‘ಎಲಿಯ’ ಎಂಬ ಹೆಸರಿನಿಂದ ಅದೇ ವಿಷಯವನ್ನು ಮತ್ತೆ ಬರೆದನು. ಈ ಬಾರಿ ಮಾತನಾಡುವವನು ದೂರದ ಊರಿನಿಂದ ಬಂದ, ನಗರದಲ್ಲಿ ದಿಕ್ಕಿಲ್ಲದ ಬಾಲಕ. ಕೋಲ್‌ರಿಜ್ಜನ ಬಾಲ್ಯವನ್ನು ಹೋಲುವವನು. ಲ್ಯಾಂಬನ ಬಂಧುಗಳು ಸಮೀಪದಲ್ಲಿದ್ದರು, ಅವನಿಗೆ ಮನೆಯಿಂದ ಬಿಸಿಯೂಟ ಬರುತ್ತಿತ್ತು, ನಾವಾದರೋ ಒಣರೊಟ್ಟಿಯಿಂದ ಹೊಟ್ಟೆ ಹೊರೆದೆವು ಎಂದು ಆ ಬಾಲಕನು ದೂರುತ್ತಾನೆ. ಹೀಗೆ ಲೇಖಕನು ತನ್ನನ್ನೇ ಸಹಪಾಠಿಯ ಕಣ್ಣಿನಿಂದ ನೋಡಿಕೊಂಡನು.

ಅದೇ ಪ್ರಬಂಧದಲ್ಲಿ ಹೆಸರಿಲ್ಲದ ಇನ್ನೊಬ್ಬ ಹುಡುಗನುಂಟು. ಇತರರು ಮುಟ್ಟದೆ ಬಿಟ್ಟ ಮಾಂಸದ ತುಣುಕುಗಳನ್ನು ಅವನು ಕೂಡಿಸಿ ಹಾಸಿಗೆಯ ಬಳಿ ಬಚ್ಚಿಡುತ್ತಿದ್ದನು. ರಾತ್ರಿ ಗುಟ್ಟಾಗಿ ತಿನ್ನುವನೆಂದು ಕೆಲವರು, ಭಿಕ್ಷುಕರಿಗೆ ಮಾರುವನೆಂದು ಕೆಲವರು ಆಡಿಕೊಂಡರು. ಯಾರೂ ಅವನೊಡನೆ ಆಡಲಿಲ್ಲ, ಮಾತನಾಡಲಿಲ್ಲ. ಕಡೆಗೆ ಇಬ್ಬರು ಹಿಂಬಾಲಿಸಿ ಹೋಗಿ ನೋಡಿದಾಗ, ಜೀರ್ಣವಾದ ಕಟ್ಟಡವೊಂದರ ಮೇಲಂತಸ್ತಿನಲ್ಲಿ ಬಡ ಮುದುಕಿಯೊಬ್ಬಳು ಬಾಗಿಲು ತೆರೆದಳು. ಗತಿಗೆಟ್ಟ ತಂದೆತಾಯಿಗಳಿಗೆ ಅವನು ಆ ಉಚ್ಛಿಷ್ಟವನ್ನು ಒಯ್ಯುತ್ತಿದ್ದನು! ಶಾಲೆಯ ಆಡಳಿತದವರು ಆ ಕುಟುಂಬಕ್ಕೆ ನೆರವು ನೀಡಿ, ಹುಡುಗನಿಗೆ ಬೆಳ್ಳಿಯ ಪದಕವನ್ನು ಕೊಟ್ಟರು.

ಬರೆಯುವವರು ಇದರಿಂದ ಗ್ರಹಿಸಬೇಕಾದ ಅಂಶಗಳು ಕೆಲವುಂಟು. ಮೊದಲನೆಯದು, ‘ಬಡವ’, ‘ಒಳ್ಳೆಯವ’ ಎಂಬ ಗುಣವಾಚಕಗಳಿಗಿಂತ ಬಚ್ಚಿಟ್ಟ ತುಣುಕು, ಹತ್ತಿದ ಮೆಟ್ಟಿಲು ಮೊದಲಾದ ಕಣ್ಣಿಗೆ ಕಾಣುವ ವಿವರಗಳೇ ಹೆಚ್ಚು ಹೇಳುತ್ತವೆ. ಎರಡನೆಯದು, ತರಗತಿಯ ನಗೆಯಲ್ಲಿ ನಾವೂ ಪಾಲುಗೊಂಡಿದ್ದರೆ ‘ಅವರು ನಕ್ಕರು’ ಎಂದು ಬರೆಯದೆ ‘ನಾವು ನಕ್ಕೆವು’ ಎಂದೇ ಬರೆಯಬೇಕು. ಮೂರನೆಯದು, ಬದುಕಿರುವವರ ಮನೆಯ ಕಷ್ಟವನ್ನು ಹೇಳುವಾಗ ಹೆಸರನ್ನು ಮರೆಮಾಡುವುದು ಲೇಸು. ಆ ಹುಡುಗನ ಹೆಸರನ್ನು ಲ್ಯಾಂಬ್ ಹೇಳಲಿಲ್ಲ. ಅದರಿಂದ ಚಿತ್ರವೇನೂ ಮಸುಕಾಗಲಿಲ್ಲ.

ಬಾಲ್ಯದಲ್ಲಿ ತರಗತಿಯು ಅಂಟಿಸಿದ ಅಡ್ಡಹೆಸರು ಕೆಲವರಿಗೆ ಬಾಳಿನುದ್ದಕ್ಕೂ ಉಳಿಯುತ್ತದೆ. ಮೂಲೆಯಲ್ಲಿ ಒಬ್ಬನೇ ಕುಳಿತಿದ್ದವನು ಆ ದಿನಗಳನ್ನು ತಾನೇ ಬರೆದಾನೆಂಬ ಭರವಸೆಯಿಲ್ಲ. ಬಹುಮಾನ ಪಡೆದವರನ್ನು ನೆನೆಯಲು ಜನರಿದ್ದಾರೆ. ಲೇಖನಿಯನ್ನು ಹಿಡಿದವರು ಆ ಮೂಲೆಯಿಂದಲೇ ಆರಂಭಿಸಿದರೆ ಪ್ರಬಂಧಕ್ಕೂ ಸತ್ತ್ವ ಬಂದೀತು, ಹಳೆಯ ಒಂದು ಋಣವೂ ಸಂದೀತು.