ಮಣೆ ಒಂದು, ಆಟ ಹಲವು

ಸಂಜೆಯ ಏಳೂವರೆ ಗಂಟೆ. ಡೊಂಬಿವಲಿಯ ರೈಲು ನಿಲ್ದಾಣದಿಂದ ಹೊರಬಿದ್ದ ಜನಸಮೂಹವು ರಿಕ್ಷಾಗಳ ಸಾಲಿನತ್ತ ಧಾವಿಸುವ ಹೊತ್ತು. ಅಂಥ ವೇಳೆಯಲ್ಲಿ ಅಲ್ಲಿನ ಕನ್ನಡ ಕುಟುಂಬವೊಂದರ ಮನೆಯನ್ನು ಓದುಗರು ಕಲ್ಪಿಸಿಕೊಳ್ಳಬಹುದು. ತಂದೆ ಇನ್ನೂ ಲೋಕಲ್ ಗಾಡಿಯಲ್ಲಿದ್ದಾರೆ, ತಾಯಿ ಅಡುಗೆಮನೆಯಲ್ಲಿದ್ದಾರೆ. ಹದಿಮೂರು ವರ್ಷದ ಅಕ್ಕ ಮತ್ತು ಒಂಬತ್ತು ವರ್ಷದ ತಮ್ಮ ಒಂದೊಂದು ಟ್ಯಾಬ್ಲೆಟ್ ಹಿಡಿದು ಒಂದೇ ಆಟದಲ್ಲಿ ಮಗ್ನರಾಗಿದ್ದಾರೆ. ಇದ್ದಕ್ಕಿದ್ದಂತೆ ಅಕ್ಕನ ಕೂಗು ಕೇಳಿಬರುತ್ತದೆ.

"ಅಜ್ಜಿ, ಇವ ಮೋಸ ಮಾಡಿದ! ನಾನು ಮೂರು ದಿನ ಅಗೆದು ಐದು ವಜ್ರ ತಂದೆ. ಇವ ಕ್ರಿಯೇಟಿವ್‌ಗೆ ಹೋಗಿ ಪೆಟ್ಟಿಗೆ ಭರ್ತಿ ತುಂಬಿಸಿಟ್ಟಿದ್ದಾನೆ!"

"ಮೋಸ ಎಂಥದ್ದು? ಆಟದಲ್ಲೇ ಉಂಟಲ್ಲ, ಒತ್ತಿದರೆ ಆಯಿತು" ಎಂಬುದು ತಮ್ಮನ ಸಮರ್ಥನೆ.

ಅಜ್ಜಿಗೆ ವಜ್ರವೂ ತಿಳಿಯದು, ಕ್ರಿಯೇಟಿವ್ ಎಂಬುದೂ ತಿಳಿಯದು. ಆದರೂ ಆಕೆ ಕೇಳುವ ಪ್ರಶ್ನೆ ಒಂದೇ: "ಆಟ ಸುರುಮಾಡುವ ಮೊದಲು ನೀವಿಬ್ಬರೂ ಮಾತಾಡಿಕೊಂಡಿದ್ದಿರೋ, ಇಲ್ಲವೋ?"

ಅಜ್ಜಿಯ ಈ ಪ್ರಶ್ನೆ ಮೇಲುನೋಟಕ್ಕೆ ಸಣ್ಣದಾದರೂ ಮಕ್ಕಳ ಮನಸ್ಸಿನ ಹಾಗೂ ಶರೀರದ ಆರೋಗ್ಯಕ್ಕೆ ನೇರವಾಗಿ ಸಂಬಂಧಿಸಿದೆ. ಅದನ್ನು ಅರಿಯಬೇಕಾದರೆ ಪಾಲಕರು ಮೊದಲು ಆಟವನ್ನು ಅರಿಯಬೇಕು.

ಘನಗಳ ಲೋಕ

ಈ ಆಟದ ಹೆಸರು ಮೈನ್‌ಕ್ರಾಫ್ಟ್. ಸ್ವೀಡನ್ ದೇಶದ ಮಾರ್ಕುಸ್ ಪೆರ್ಸನ್ ಎಂಬವರು ಇದನ್ನು ರಚಿಸಿ 2009ರ ಮೇ ತಿಂಗಳಲ್ಲಿ ಜನರ ಮುಂದಿಟ್ಟರು. 2011ರ ನವೆಂಬರದಲ್ಲಿ ಅದರ ಪೂರ್ಣ ಆವೃತ್ತಿ ಹೊರಬಂದಿತು. 2014ರಲ್ಲಿ ಮೈಕ್ರೋಸಾಫ್ಟ್ ಸಂಸ್ಥೆಯು ಇದರ ನಿರ್ಮಾಪಕರಾದ ಮೊಜಾಂಗ್ ಕಂಪೆನಿಯನ್ನು 250 ಕೋಟಿ ಡಾಲರುಗಳಿಗೆ ಕೊಂಡುಕೊಂಡಿತು. 2023ರ ವೇಳೆಗೆ ಈ ಆಟದ 30 ಕೋಟಿಗೂ ಹೆಚ್ಚು ಪ್ರತಿಗಳು ಮಾರಾಟವಾಗಿದ್ದವು.

ಇಲ್ಲಿ ಮಣ್ಣು, ಕಲ್ಲು, ಮರ ಎಲ್ಲವೂ ಚೌಕಾಕಾರದ ಘನಗಳು. ಅವನ್ನು ಅಗೆದು, ಒಂದರ ಮೇಲೊಂದಿರಿಸಿ ಮಕ್ಕಳು ಮನೆ, ಸೇತುವೆ, ಕೋಟೆಗಳನ್ನು ಕಟ್ಟುತ್ತಾರೆ. ಕಲ್ಯಾಣದ ಬಾಲಕನು ದುರ್ಗಾಡಿ ಕೋಟೆಯನ್ನೂ ಥಾಣೆಯ ಬಾಲಕಿಯು ಮಾಸುಂದಾ ಕೆರೆಯನ್ನೂ ತನ್ನ ಅಂಗೈಯಗಲದ ಪರದೆಯಲ್ಲಿ ನಿರ್ಮಿಸಬಹುದು. ಗೆಲುವು ಇಂಥದ್ದೇ ಎಂಬ ಕಟ್ಟುಪಾಡಿಲ್ಲ.

ಆದರೆ ಅದೇ ಲೋಕದಲ್ಲಿ ಬದುಕುವ ರೀತಿಗಳು ಹಲವು. ಇವಕ್ಕೆ ಮೋಡ್ ಎಂದು ಹೆಸರು. ಸರ್ವೈವಲ್ ಎಂಬುದು ಬದುಕಿ ಉಳಿಯುವ ರೀತಿ. ಅಲ್ಲಿ ಆಟಗಾರನಿಗೆ ಹತ್ತು ಹೃದಯಗಳಷ್ಟು ಪ್ರಾಣ, ಹತ್ತು ಗುರುತುಗಳಷ್ಟು ಹೊಟ್ಟೆ. ಬೇಕಾದುದನ್ನು ದುಡಿದೇ ಸಂಪಾದಿಸಬೇಕು. ವಜ್ರ ಬೇಕಾದರೆ ಮೊದಲು ಕಬ್ಬಿಣದ ಗುದ್ದಲಿಯಾದರೂ ಕೈಯಲ್ಲಿರಬೇಕು. ರಾತ್ರಿಯಾದರೆ ದುಷ್ಟಜಂತುಗಳ ಕಾಟ. ಸತ್ತರೆ ಹೊತ್ತುಕೊಂಡಿದ್ದೆಲ್ಲವೂ ಸತ್ತ ಸ್ಥಳದಲ್ಲಿ ಚೆಲ್ಲಿಹೋಗುತ್ತದೆ. ಕ್ರಿಯೇಟಿವ್ ಎಂಬುದು ಸೃಷ್ಟಿಯ ರೀತಿ. ಅಲ್ಲಿ ಹಸಿವಿಲ್ಲ, ಗಾಯವಿಲ್ಲ; ಸಾಮಗ್ರಿಗೆ ಮಿತಿಯಿಲ್ಲ; ಹಕ್ಕಿಯಂತೆ ಹಾರಲೂ ಬಹುದು. ಇತರರು ರಚಿಸಿದ ಲೋಕವನ್ನು ಒಡೆಯದೆ ಸಂಚರಿಸಲು ಅಡ್ವೆಂಚರ್, ಏನನ್ನೂ ಮುಟ್ಟದೆ ನೋಡಲು ಸ್ಪೆಕ್ಟೇಟರ್, ಒಂದೇ ಜೀವ ಹಿಡಿದು ಆಡಲು ಹಾರ್ಡ್‌ಕೋರ್ ಎಂಬ ರೀತಿಗಳೂ ಇವೆ.

ಅಜ್ಜಿಗೆ ಇದನ್ನು ಹೀಗೆ ವಿವರಿಸಿದರೆ ಅಚ್ಚರಿಯೇನೂ ಆಗದು. ಕರಾವಳಿಯ ಮನೆಗಳಲ್ಲಿದ್ದ ಚೆನ್ನೆಮಣೆಯಲ್ಲಿ ಏಳೇಳರಂತೆ ಎರಡು ಸಾಲು, ಒಟ್ಟು ಹದಿನಾಲ್ಕು ಗುಳಿಗಳು. ಅದೇ ಮಣೆ, ಅದೇ ಕಾಯಿಗಳಿಂದ ಹಲವು ಬಗೆಯ ಆಟಗಳನ್ನು ಆಡುತ್ತಿದ್ದರು. ಆದರೆ ಯಾವ ಬಗೆ ಎಂಬುದು ಮೊದಲ ಕಾಯಿ ಬೀಳುವ ಮುನ್ನವೇ ನಿಶ್ಚಯವಾಗುತ್ತಿತ್ತು.

ರೀತಿ ಬದಲಾದಾಗ ಆಗುವುದೇನು?

ಮೈನ್‌ಕ್ರಾಫ್ಟಿನಲ್ಲಿ ಆಟದ ನಡುವೆಯೇ ರೀತಿಯನ್ನು ಬದಲಿಸಬಹುದು. ಕಂಪ್ಯೂಟರಿನ ಜಾವಾ ಆವೃತ್ತಿಯಲ್ಲಿ ಅದಕ್ಕೊಂದು ಆಜ್ಞೆಯನ್ನು ಟೈಪ್ ಮಾಡಬಹುದು. ಮೊಬೈಲಿನಲ್ಲಿ ಆಡುವ ಬೆಡ್‌ರಾಕ್ ಆವೃತ್ತಿಯಲ್ಲಿ ಸೆಟ್ಟಿಂಗ್ಸ್ ಪುಟದಲ್ಲಿಯೇ ಆಯ್ಕೆಯಿದೆ. ಕೆಲಸ ಕ್ಷಣಮಾತ್ರದ್ದು; ಆದರೆ ಅದರ ಪರಿಣಾಮಗಳು ಉಳಿಯುತ್ತವೆ.

ಕ್ರಿಯೇಟಿವ್‌ನಲ್ಲಿ ಕೈಗೆ ತೆಗೆದುಕೊಂಡ ವಸ್ತುಗಳು ಸರ್ವೈವಲ್‌ಗೆ ಮರಳಿದ ಮೇಲೂ ಚೀಲದಲ್ಲಿಯೇ ಇರುತ್ತವೆ. ಬೆಡ್‌ರಾಕ್ ಆವೃತ್ತಿಯಲ್ಲಿ ಒಮ್ಮೆ ಕ್ರಿಯೇಟಿವ್‌ಗೆ ಹೋದರೆ ಆ ಲೋಕದಲ್ಲಿ ಸಾಧನೆಯ ಪದಕಗಳು ಮುಂದೆಂದೂ ದೊರೆಯವು, ಹಿಂತಿರುಗಿದರೂ ಲಾಭವಿಲ್ಲ. ಆಕಾಶದಲ್ಲಿ ಹಾರುತ್ತಿರುವಾಗಲೇ ಸರ್ವೈವಲ್‌ಗೆ ಬದಲಿಸಿದರೆ ಆಟಗಾರನು ಕಲ್ಲಿನಂತೆ ಕೆಳಗೆ ಬೀಳುತ್ತಾನೆ. ರಕ್ಷಾಕವಚವಿಲ್ಲದೆ 23 ಘನಗಳ ಎತ್ತರದಿಂದ ಗಟ್ಟಿ ನೆಲಕ್ಕೆ ಬಿದ್ದರೆ ಹತ್ತೂ ಹೃದಯಗಳು ಮುಗಿದಂತೆ. ಮೊದಲು ನೆಲಕ್ಕಿಳಿದು ಅನಂತರ ರೀತಿಯನ್ನು ಬದಲಿಸಬೇಕೆಂಬುದು ಅನುಭವಿ ಮಕ್ಕಳೆಲ್ಲರೂ ಬಲ್ಲ ಪಾಠ.

ಹಸಿವು ಹಾಗೂ ಜಂತುಗಳ ಕಾಟ ಮಾತ್ರ ಬೇಡವೆನ್ನುವ ಚಿಕ್ಕ ಮಕ್ಕಳು ರೀತಿಯನ್ನೇ ಬದಲಿಸಬೇಕಾಗಿಲ್ಲ. ಕಾಠಿಣ್ಯದ ಮಟ್ಟವನ್ನು ಪೀಸ್‌ಫುಲ್ ಎಂದು ಇರಿಸಿದರೆ ಸಾಕು. ಹೊಟ್ಟೆ ಬರಿದಾಗದು, ದುಷ್ಟಜಂತುಗಳು ಬಹುಮಟ್ಟಿಗೆ ಮಾಯವಾಗುತ್ತವೆ, ದುಡಿಮೆ ಮಾತ್ರ ಉಳಿಯುತ್ತದೆ. ಹೊಸತೇನನ್ನಾದರೂ ಪರೀಕ್ಷಿಸಬೇಕಿದ್ದಲ್ಲಿ ಲೋಕದ ನಕಲೊಂದನ್ನು ಮಾಡಿಕೊಂಡು, ಕ್ರಿಯೇಟಿವ್ ಪ್ರಯೋಗಗಳನ್ನು ಆ ನಕಲಿನಲ್ಲಿ ನಡೆಸಬಹುದು, ಮೂಲವು ಸುರಕ್ಷಿತವಾಗಿರುತ್ತದೆ.

ಎಲ್ಲಕ್ಕಿಂತ ಮುಖ್ಯವಾದ ಸಂಗತಿಯೊಂದಿದೆ. ಒಂದೇ ಲೋಕದಲ್ಲಿ ಒಬ್ಬನು ಕ್ರಿಯೇಟಿವ್‌ನಲ್ಲಿಯೂ ಇನ್ನೊಬ್ಬಳು ಸರ್ವೈವಲ್‌ನಲ್ಲಿಯೂ ಏಕಕಾಲಕ್ಕೆ ಇರಬಹುದು. ಅಕ್ಕನ ಕಣ್ಣೀರಿಗೆ ಮೂಲ ಇದೇ. ತಮ್ಮನು ಅವಳ ಐದು ವಜ್ರಗಳನ್ನು ಕದಿಯಲಿಲ್ಲ. ಆದರೆ ಅವುಗಳ ಬೆಲೆಯನ್ನು ಕಳೆದುಬಿಟ್ಟನು. ದುಡಿದವಳ ಒಪ್ಪಿಗೆಯಿಲ್ಲದೆ ನಿಯಮ ಬದಲಾಯಿತು ಎಂಬುದೇ ಅವಳ ದುಃಖ.

ಊರು ಕಟ್ಟುವವರು, ಊರಲ್ಲಿರುವವರು

ಇದು ಮಕ್ಕಳಾಟದ ಮಾತಷ್ಟೇ ಅಲ್ಲ. ಡೊಂಬಿವಲಿಯಿಂದ ಬೆಟ್ಟದಾಚೆಗಿರುವ ನವಿ ಮುಂಬಯಿಯನ್ನೇ ನೋಡಬಹುದು. ಚಾರ್ಲ್ಸ್ ಕೊರಿಯಾ, ಪ್ರವೀಣಾ ಮೆಹತಾ, ಶಿರೀಷ ಪಟೇಲ್ ಎಂಬ ತಜ್ಞರು 1960ರ ದಶಕದಲ್ಲಿ ಕೊಲ್ಲಿಯ ಆಚೆ ಹೊಸ ನಗರವೊಂದರ ಕಲ್ಪನೆಯನ್ನು ಮಂಡಿಸಿದರು. 1970ರ ಮಾರ್ಚ್‌ನಲ್ಲಿ ಸಿಡ್ಕೋ ಸಂಸ್ಥೆ ಸ್ಥಾಪನೆಯಾಯಿತು. ನಕ್ಷೆಯ ಮೇಲೆ ವಾಶಿ, ನೇರುಳ್, ಬೇಲಾಪುರಗಳು ಸೃಷ್ಟಿಯ ರೀತಿಯಲ್ಲಿ ಮೂಡಿಬಂದವು. ಆದರೆ ನೆಲವು ಬರಿದಾಗಿರಲಿಲ್ಲ. ಅಲ್ಲಿ 95 ಗ್ರಾಮಗಳ ರೈತರು, ಬೆಸ್ತರು, ಉಪ್ಪಿನ ಗದ್ದೆಯವರು ಬದುಕಿ ಉಳಿಯುವ ರೀತಿಯಲ್ಲಿಯೇ ಇದ್ದರು. ಭೂಮಿಯ ಪರಿಹಾರಕ್ಕಾಗಿ ದಿ. ಬಾ. ಪಾಟೀಲರ ನಾಯಕತ್ವದಲ್ಲಿ ನಡೆದ ಹೋರಾಟದಲ್ಲಿ, 1984ರ ಜನವರಿಯಲ್ಲಿ ಜಾಸಯಿ ಪರಿಸರದಲ್ಲಿ ಐವರು ಪ್ರಾಣ ತೆತ್ತರು. ಅಭಿವೃದ್ಧಿಪಡಿಸಿದ ನಿವೇಶನದ ರೂಪದಲ್ಲಿ ಶೇಕಡಾ 12.5ರಷ್ಟು ಭೂಮಿಯನ್ನು ಹಿಂತಿರುಗಿಸುವ ಯೋಜನೆ ಆ ಹೋರಾಟದ ಫಲ. ಒಂದೇ ನೆಲದಲ್ಲಿ ಇಬ್ಬರಿಗೆ ಎರಡು ನಿಯಮಗಳಾದಾಗ, ಮಾತುಕತೆ ಮೊದಲೇ ಆಗಬೇಕೆಂಬುದಕ್ಕೆ ಬೇರೆ ನಿದರ್ಶನ ಬೇಕಿಲ್ಲ.

ಹಾಗೆ ಮೊದಲೇ ಮಾತನಾಡಿಕೊಳ್ಳಲು ಇದೇ ಆಟವು ನೆರವಾದುದೂ ಉಂಟು. 2012ರಲ್ಲಿ ವಿಶ್ವಸಂಸ್ಥೆಯ ವಸತಿ ವಿಭಾಗ ಮತ್ತು ಮೊಜಾಂಗ್ ಕೂಡಿ ಬ್ಲಾಕ್ ಬೈ ಬ್ಲಾಕ್ ಎಂಬ ಯೋಜನೆಯನ್ನು ಆರಂಭಿಸಿದವು. ನೇಪಾಳದ ಕೀರ್ತಿಪುರದಲ್ಲಿ ದೇ ಪುಖು ಎಂಬ ಹಳೆಯ ಕೊಳದ ಪರಿಸರವನ್ನು ಸುಧಾರಿಸಲು ಸ್ಥಳೀಯ ಜನರೇ ಮೈನ್‌ಕ್ರಾಫ್ಟಿನಲ್ಲಿ ತಮ್ಮ ಕಲ್ಪನೆಯನ್ನು ಕಟ್ಟಿ ತೋರಿಸಿದರು. ನೆಲದ ಮೇಲೆ ಬದುಕುವವರ ಕೈಗೆ ಸೃಷ್ಟಿಯ ರೀತಿ ದೊರೆತ ಸಂದರ್ಭವದು.

ಶರೀರಕ್ಕೆ ಒಂದೇ ರೀತಿ

ಇನ್ನು ಆರೋಗ್ಯದ ವಿಚಾರ. ಪರದೆಯೊಳಗಿನ ಮನುಷ್ಯನಿಗೆ ಹಲವು ರೀತಿಗಳಿದ್ದರೂ ಪರದೆಯ ಹೊರಗೆ ಕುಳಿತ ಮಗುವಿನ ಶರೀರಕ್ಕೆ ಸರ್ವೈವಲ್ ಒಂದೇ. ಸೋಜಿಗವೆಂದರೆ, ಆಟದ ಹಸಿವನ್ನು ಗುರುತುಗಳಿಂದ ಎಣಿಸುತ್ತ ರೊಟ್ಟಿ ತಿನ್ನಿಸುವ ಬಾಲಕನು, ತನ್ನೆದುರಿಗಿರುವ ನೀರುದೋಸೆ ಆರಿದುದನ್ನು ಕಾಣನು. ನಿಜವಾದ ಹೊಟ್ಟೆಗೆ ಅಂಥ ಗುರುತುಗಳಿಲ್ಲ. ಕಣ್ಣಿನ ಆಯಾಸಕ್ಕೂ ಕುತ್ತಿಗೆಯ ನೋವಿಗೂ ಹೃದಯಚಿಹ್ನೆಗಳಿಲ್ಲ.

ಐದರಿಂದ ಹದಿನೇಳು ವರ್ಷದವರು ದಿನಕ್ಕೆ ಸರಾಸರಿ 60 ನಿಮಿಷವಾದರೂ ಮೈ ದಣಿಯುವಂಥ ಚಟುವಟಿಕೆಯಲ್ಲಿ ತೊಡಗಬೇಕೆಂಬುದು ವಿಶ್ವ ಆರೋಗ್ಯ ಸಂಸ್ಥೆಯ 2020ರ ಸೂಚನೆ. ಆರರಿಂದ ಹನ್ನೆರಡು ವರ್ಷದವರಿಗೆ 9ರಿಂದ 12 ಗಂಟೆಗಳ, ಹದಿಹರೆಯದವರಿಗೆ 8ರಿಂದ 10 ಗಂಟೆಗಳ ನಿದ್ರೆ ಬೇಕೆಂಬುದು ನಿದ್ರಾತಜ್ಞರ ಮತ. ಚೀನಾದ ಗುವಾಂಗ್‌ಝೌ ನಗರದಲ್ಲಿ ಶಾಲಾಮಕ್ಕಳಿಗೆ ದಿನಕ್ಕೆ 40 ನಿಮಿಷ ಹೆಚ್ಚು ಹೊರಾಂಗಣದ ಅವಧಿ ಕೊಟ್ಟು ಮೂರು ವರ್ಷ ನಡೆಸಿದ ಅಧ್ಯಯನವು 2015ರಲ್ಲಿ ಪ್ರಕಟವಾಯಿತು. ಹಾಗೆ ಹೊರಗೆ ಹೋದವರಲ್ಲಿ ಸುಮಾರು ಶೇಕಡಾ 30 ಮಂದಿಗೆ ಹೊಸದಾಗಿ ಸಮೀಪದೃಷ್ಟಿ ದೋಷ ಕಾಣಿಸಿಕೊಂಡರೆ, ಉಳಿದವರಲ್ಲಿ ಸುಮಾರು ಶೇಕಡಾ 40 ಮಂದಿಗೆ ಕಾಣಿಸಿಕೊಂಡಿತು. ಕಟ್ಟಡಗಳು ಒತ್ತೊತ್ತಾಗಿರುವ ನಮ್ಮ ಉಪನಗರಗಳಲ್ಲಿ ಅಂಗಳವಿಲ್ಲವೆಂಬುದು ನಿಜ; ಆದರೆ ಕಲ್ಯಾಣದ ಕಾಳಾ ತಲಾವ್, ಥಾಣೆಯ ತಲಾವ್‌ಪಾಳಿ, ಖಾರಘರದ ಸೆಂಟ್ರಲ್ ಪಾರ್ಕ್ ಇದ್ದೇ ಇವೆ.

ಹಾಗೆಂದು ಆಡುವ ಮಗುವನ್ನೆಲ್ಲ ರೋಗಿಯೆಂದು ಭಾವಿಸತಕ್ಕದ್ದಲ್ಲ. ಆಟದ ಮೇಲೆ ಹತೋಟಿ ತಪ್ಪುವುದು, ಉಳಿದೆಲ್ಲಕ್ಕಿಂತ ಆಟವೇ ಮುಖ್ಯವಾಗುವುದು, ಹಾನಿಯಾಗುತ್ತಿದ್ದರೂ ಬಿಡಲಾಗದಿರುವುದು ಎಂಬ ಮೂರೂ ಲಕ್ಷಣಗಳು ಸಾಮಾನ್ಯವಾಗಿ ಹನ್ನೆರಡು ತಿಂಗಳ ಕಾಲ ಕಂಡುಬಂದು, ಓದು, ಮನೆ, ಸ್ನೇಹಗಳಿಗೆ ಗಂಭೀರವಾದ ಧಕ್ಕೆಯಾದಾಗ ಮಾತ್ರ ಅದನ್ನು ಗೇಮಿಂಗ್ ವ್ಯಾಧಿ ಎನ್ನಲಾಗುತ್ತದೆ. 2022ರ ಜನವರಿಯಿಂದ ಜಾರಿಗೆ ಬಂದ ಅಂತಾರಾಷ್ಟ್ರೀಯ ರೋಗವರ್ಗೀಕರಣದಲ್ಲಿ ಅದಕ್ಕೆ ಸ್ಥಾನ ದೊರೆತಿದೆ. ಬೆಂಗಳೂರಿನ ನಿಮ್ಹಾನ್ಸ್ ಸಂಸ್ಥೆಯು ತಂತ್ರಜ್ಞಾನದ ಅತಿಬಳಕೆಯಿಂದ ತೊಂದರೆಗೊಳಗಾದವರಿಗಾಗಿ ಶಟ್ ಕ್ಲಿನಿಕ್ ಎಂಬ ವಿಶೇಷ ಚಿಕಿತ್ಸಾಲಯವನ್ನು 2014ರಲ್ಲಿಯೇ ತೆರೆಯಿತು.

ಇಬ್ಬರೂ ಮಲಗಿದಾಗ

ಆಟದಿಂದ ಊಟಕ್ಕೆ ಬರುವುದೂ ಒಂದು ರೀತಿಯ ಬದಲಾವಣೆಯೇ. ಕೈಯಿಂದ ಟ್ಯಾಬ್ಲೆಟನ್ನು ಕಸಿದುಕೊಳ್ಳುವುದೆಂದರೆ ಹಾರುತ್ತಿರುವವನನ್ನು ನಡು ಆಕಾಶದಲ್ಲಿ ಸರ್ವೈವಲ್‌ಗೆ ತಳ್ಳಿದಂತೆ. ಮಗುವಿಗೆ ಮೊದಲು ನೆಲಕ್ಕಿಳಿಯಲು ಸಮಯ ಬೇಕು.

ಅದಕ್ಕೆ ಆಟವೇ ದಾರಿ ತೋರಿಸುತ್ತದೆ. ಅಲ್ಲಿನ ಒಂದು ಹಗಲುರಾತ್ರಿ 20 ನಿಮಿಷಗಳದ್ದು. ಕತ್ತಲಾದೊಡನೆ ಹಾಸಿಗೆಯಲ್ಲಿ ಮಲಗಿ ರಾತ್ರಿಯನ್ನು ಕಳೆದರೆ ಸುಮಾರು ಹನ್ನೊಂದು ನಿಮಿಷಗಳಲ್ಲಿ ಮುಗಿಯುತ್ತದೆ. ಆದುದರಿಂದ "ಅರ್ಧ ಗಂಟೆ" ಎನ್ನುವುದಕ್ಕಿಂತ "ಮೂರು ಹಗಲು" ಎಂದರೆ ಮಕ್ಕಳಿಗೆ ಬೇಗ ಅರ್ಥವಾಗುತ್ತದೆ. ನಿಲ್ಲಿಸಲು ಸಹಜವಾದ ತಾಣವೂ ದೊರೆಯುತ್ತದೆ.

ಡೊಂಬಿವಲಿಯ ಆ ಮನೆಯಲ್ಲಿ ಅಜ್ಜಿಯ ಸಮ್ಮುಖದಲ್ಲಿ ಇಂಥದೊಂದು ಒಪ್ಪಂದವಾಯಿತೆಂದು ತಿಳಿಯಬಹುದು. ತಮ್ಮನ ಕೋಟೆಗಾಗಿ ನಕಲು ಲೋಕವೊಂದು ಪ್ರತ್ಯೇಕವಾಯಿತು. ಅಲ್ಲಿ ಅವನು ಬೇಕಾದಷ್ಟು ಹಾರಬಹುದು. ಅಕ್ಕನ ಲೋಕದಲ್ಲಿ ಮಾತ್ರ ಇಬ್ಬರಿಗೂ ಸರ್ವೈವಲ್. ಬದಲಿಸಬೇಕಾದರೆ ಇಬ್ಬರ ಒಪ್ಪಿಗೆಯೂ ಬೇಕು. ಪೆಟ್ಟಿಗೆಯ ವಜ್ರಗಳನ್ನು ತಮ್ಮನೇ ಒಂದೊಂದಾಗಿ ಲಾವಾರಸಕ್ಕೆ ಎಸೆದನು. ಅಕ್ಕನ ಐದು ಉಳಿದವು.

ಆ ಆಟದಲ್ಲಿ ಇನ್ನೊಂದು ನಿಯಮವಿದೆ. ಇಬ್ಬರು ಕೂಡಿ ಆಡುವಾಗ ಒಬ್ಬರೇ ಮಲಗಿದರೆ ಸಾಮಾನ್ಯವಾಗಿ ಬೆಳಗಾಗದು, ಇಬ್ಬರೂ ಮಲಗಬೇಕು. ಮೂರನೆಯ ಹಗಲು ಮುಗಿದಾಗ ತಮ್ಮನು ಹಾಸಿಗೆಯ ಬಳಿ ಅಕ್ಕನಿಗಾಗಿ ಕಾದು ನಿಂತಿದ್ದನು. ಅವಳು ಬಂದಳು. ಪರದೆ ಕತ್ತಲಾಯಿತು. ಹೊರಗೆ ತಂದೆಯ ಚಪ್ಪಲಿಯ ಸದ್ದು ಕೇಳಿಸಿತು. ಅಜ್ಜಿ ತಟ್ಟೆಗಳನ್ನು ಇಟ್ಟಾಗಿತ್ತು.